ಬರೀ ತುದಿ ತಾನೇ

ಅಂಟಿನ ಬ್ರಷ್ಷನ್ನು ಕಿವಿಗೆ ಸಿಕ್ಕಿಸಿಕೊಂಡದ್ದೇ ಎಲ್ಲ ರಾದ್ಧಾಂತಕ್ಕೂ ಮೂಲ.

ಮರಗೆಲಸದ ಮೇಸ್ತ್ರಿಗೆ ಕಿವಿಯೆಂದರೆ ಕೇಳಿಸಿಕೊಳ್ಳುವುದಕ್ಕೆ ಮಾತ್ರ ಇರುವ ಅಂಗವಲ್ಲ, ಸಾಮಾನು ಸಿಕ್ಕಿಸುವ ಗೂಟವೂ ಹೌದು. ಎರಡೂ ಕೈ ಬೇಕಾಯಿತೆಂದರೆ ಕೈಯಲ್ಲಿ ಏನಿದೆಯೋ ಅದು ತಾನಾಗಿ ಬಲಗಿವಿಯ ಮೇಲಕ್ಕೆ ಹೋಗುತ್ತಿತ್ತು. ಹೆಚ್ಚಾಗಿ ಪೆನ್ಸಿಲ್ಲು. ಒಮ್ಮೆ ಸ್ಕ್ರೂಡ್ರೈವರು. ಒಮ್ಮೆ ಊಟದ ನಡುವೆ ಗಿರಾಕಿ ಬಂದಾಗ ಚಮಚ. ಅಂಟಿನ ಬ್ರಷ್ಷು ಕೂಡ ಈ ಮೂವತ್ತೊಂದು ವರ್ಷಗಳಲ್ಲಿ ಎಷ್ಟೋ ಸಲ ಆ ದಾರಿ ಹಿಡಿದದ್ದುಂಟು, ಆದರೆ ಒಂದು ಸಲವೂ ತಲುಪಿರಲಿಲ್ಲ. ಅಡುಗೆಮನೆಯ ಕಿಟಕಿ ಅವನ ಕೆಲಸದ ಕೋಣೆಗೇ ತೆರೆಯುತ್ತಿತ್ತು. ಅಲ್ಲಿಂದ ಹೆಂಡತಿ "ಕಿವಿ!" ಎಂದು ಒಂದೇ ಒಂದು ಕೂಗು ಹಾಕುತ್ತಿದ್ದಳು. ಮೇಸ್ತ್ರಿಯ ಕೈ ಗಾಳಿಯಲ್ಲೇ ನಿಂತು, ನಾಚಿಕೊಂಡು ಕೆಳಗಿಳಿಯುತ್ತಿತ್ತು. ಒಲೆಯ ಮೇಲಿನ ಪಾತ್ರೆಯನ್ನೂ ಗಂಡನ ಕಿವಿಯನ್ನೂ ಅವಳು ಒಟ್ಟಿಗೆ ಹೇಗೆ ನೋಡಿಕೊಳ್ಳುತ್ತಿದ್ದಳೋ ಅವನಿಗೆ ಕೊನೆಯವರೆಗೂ ಗೊತ್ತಾಗಲಿಲ್ಲ.

ಅವಳು ತೀರಿಕೊಂಡು ಹನ್ನೊಂದು ತಿಂಗಳಾಗಿತ್ತು. ಕಿಟಕಿ ಈಗಲೂ ತೆರೆದೇ ಇರುತ್ತಿತ್ತು, ಕೂಗುವವರು ಇರಲಿಲ್ಲ.

ಅವತ್ತು ಬೆಳಿಗ್ಗೆ ಮೇಸ್ತ್ರಿ ಒಂದು ಡ್ರಾಯರಿನ ಮುಂಭಾಗದ ಹಲಗೆಗೆ ಲ್ಯಾಮಿನೇಟ್ ಹಾಳೆ ಅಂಟಿಸಬೇಕಾಗಿತ್ತು. ಪಕ್ಕದ ಮನೆಯ ಕಾಂಪೌಂಡರಿಗೆ ಸಂಜೆಯೊಳಗೆ ಒಪ್ಪಿಸಬೇಕಾದ ಕೆಲಸ. ಹಲಗೆಯೇನೂ ದೊಡ್ಡದಲ್ಲ, ಕಾಫಿ ಲೋಟಗಳ ತಟ್ಟೆಗಿಂತ ತುಸು ಉದ್ದ. ಅದಕ್ಕೆ ಬಳಿಯುವ ಹಳದಿ ಅಂಟಿನ ಗುಣ ಮಾತ್ರ ವಿಚಿತ್ರ. ಹಲಗೆಗೂ ತೆಳ್ಳಗೆ ಬಳಿಯಬೇಕು, ಹಾಳೆಗೂ ತೆಳ್ಳಗೆ ಬಳಿಯಬೇಕು. ಹತ್ತು ನಿಮಿಷ ಆರಲು ಬಿಡಬೇಕು. ಬೆರಳಿಟ್ಟರೆ ಅಂಟೇ ಇಲ್ಲವೇನೋ ಅನ್ನಿಸುವಷ್ಟು ಒಣಗಿದ ಮೇಲೆ ಎರಡನ್ನೂ ಸೇರಿಸಬೇಕು. ಆರಿದ ಅಂಟು ಆರಿದ ಅಂಟನ್ನು ಮುಟ್ಟಿತೋ, ಮುಗಿಯಿತು, ಮತ್ತೆ ಬಿಡುವ ಮಾತಿಲ್ಲ.

ಮೇಸ್ತ್ರಿ ಹಲಗೆಗೆ ಬಳಿದ. ಹಾಳೆಗೆ ಬಳಿಯುವಷ್ಟರಲ್ಲಿ ಅದು ಮೇಜಿನಿಂದ ಜಾರತೊಡಗಿತು. ಹಿಡಿಯಲು ಎರಡೂ ಕೈ ಬೇಕಾದವು. ಬ್ರಷ್ಷು ಕಿವಿಯ ದಾರಿ ಹಿಡಿಯಿತು.

ಮೊದಲಾಗಿದ್ದರೆ ಚರ್ಮಕ್ಕೆ ತಣ್ಣಗೆ ತಾಗಿ ಎಚ್ಚರವಾಗುತ್ತಿತ್ತು. ಆದರೆ ಈಗ ಮೇಸ್ತ್ರಿಯ ಕಿವಿ ಹೊರಗೆ ಕಾಣಿಸುತ್ತಲೇ ಇರಲಿಲ್ಲ. ಹನ್ನೊಂದು ತಿಂಗಳಿಂದ ಕತ್ತರಿ ಕಾಣದ ಕೂದಲು ಕಿವಿ ಮುಚ್ಚಿ, ಕತ್ತು ಮುಚ್ಚಿ, ಹೆಗಲಿಗೆ ಇಳಿಯುವ ಹವಣಿಕೆಯಲ್ಲಿತ್ತು. ಬ್ರಷ್ಷು ಅದರೊಳಗೆ ಹೋಗಿ, ಅಂಟಿನ ಬದಿ ಕತ್ತಿನ ಕಡೆ ಇಳಿಬಿದ್ದು, ಬೆಚ್ಚಗೆ ಕೂತಿತು. ಹತ್ತು ನಿಮಿಷದ ನಂತರ ಬ್ರಷ್ಷಿಗಾಗಿ ಮೇಜೆಲ್ಲ ಹುಡುಕಿ, ಕೊನೆಗೆ ಕಿವಿಯ ಮೇಲೆ ಸಿಕ್ಕಾಗ ಮೇಸ್ತ್ರಿ ತನ್ನನ್ನೇ ಬೈದುಕೊಂಡು ಅದನ್ನು ಡಬ್ಬದಲ್ಲಿಟ್ಟ. ಕೂದಲಿಗೆ ಏನಾಗಿದೆಯೆಂದು ಮುಟ್ಟಿ ನೋಡಿದ. ಬೆರಳಿಗೆ ಅಂಟಲಿಲ್ಲ. ಪರವಾಗಿಲ್ಲ ಅಂದುಕೊಂಡ. ಬೆರಳಿಗೆ ಅಂಟದಿದ್ದರೆ ಅಂಟು ತಯಾರಾಗಿದೆ ಎಂದರ್ಥ ಅನ್ನುವುದನ್ನು ಮೂವತ್ತು ವರ್ಷ ಹುಡುಗರಿಗೆ ಹೇಳಿಕೊಟ್ಟವನೇ ಅವನು.

ಆಮೇಲೆ ಯಾವ ಮರಗೆಲಸದವನಾದರೂ ಮಾಡುವುದನ್ನೇ ಮಾಡಿದ. ಹಲಗೆ ಮಟ್ಟಸವಾಗಿದೆಯೇ ಎಂದು ನೋಡಲು ಬಗ್ಗಿ, ಒಂದು ಕಣ್ಣು ಮುಚ್ಚಿ, ಅಂಚಿಗೆ ಸರಿಯಾಗಿ ಕೆನ್ನೆ ತಂದ. ಕೂದಲು ಜೋಲಿ ಹಲಗೆಯ ಮೇಲೆ ಬಿತ್ತು. ಆರಿದ ಅಂಟು ಆರಿದ ಅಂಟನ್ನು ಮುಟ್ಟಿತು.

ಮೇಸ್ತ್ರಿ ತಲೆ ಎತ್ತಿದಾಗ ಹಲಗೆಯೂ ಜೊತೆಗೇ ಎದ್ದು ಬಂತು.

ಇಲ್ಲಿ ಒಂದು ಮಾತು ಹೇಳಿಬಿಡಬೇಕು, ಇಲ್ಲದಿದ್ದರೆ ಮೇಸ್ತ್ರಿಯ ಮುಂದಿನ ಒದ್ದಾಟ ಹುಚ್ಚಾಟವಾಗಿ ಕಂಡೀತು. ಮದುವೆಯಾದ ಹೊಸದರಲ್ಲಿ ಬೀದಿಯ ಕೊನೆಯ ಕಟಿಂಗ್ ಅಂಗಡಿಗೆ ಹೋಗಿ, ಅಲ್ಲಿಯ ಮುದುಕನ ಕೈಯಲ್ಲಿ ಕಿವಿಗೆ ಗಾಯ ಮಾಡಿಸಿಕೊಂಡು ಬಂದಿದ್ದ. ಹೆಂಡತಿ ಗಾಯಕ್ಕೆ ಅರಿಶಿನ ಒತ್ತುತ್ತಾ, "ಇನ್ನು ಮೇಲೆ ನಾನೇ ಕತ್ತರಿಸ್ತೀನಿ, ಎಲ್ಲೂ ಹೋಗೋದು ಬೇಡ" ಎಂದಳು. ಅವತ್ತಿನಿಂದ ತಿಂಗಳಿಗೊಂದು ಭಾನುವಾರ ಅವಳೇ ಕತ್ತರಿಸಿದಳು. ಕೊನೆಯ ಸಲ ಕತ್ತರಿಸಿದ್ದು, ತೀರಿಕೊಳ್ಳುವುದಕ್ಕೆ ಹದಿನೈದು ದಿನ ಮುಂಚೆ. ಅವಳು ಹೋದ ಮೇಲೆ ಅವಳ ಸೀರೆಗಳನ್ನು ತಂಗಿಯರು ಹಂಚಿಕೊಂಡರು, ಪಾತ್ರೆಗಳು ಮಗಳ ಮನೆಗೆ ಹೋದವು. ಮೇಸ್ತ್ರಿ ಯಾವುದಕ್ಕೂ ಬೇಡವೆನ್ನಲಿಲ್ಲ. ಒಂದು ದಿನ ಕನ್ನಡಿಯ ಮುಂದೆ ನಿಂತಾಗ, ತನ್ನ ಕೂದಲ ತುದಿಯಲ್ಲಿ ಅವಳ ಕತ್ತರಿಯ ಗುರುತು ಹಾಗೇ ಇದೆಯಲ್ಲ ಎಂದು ಹೊಳೆಯಿತು. ಕೂದಲು ಬುಡದಿಂದ ಬೆಳೆಯುತ್ತದೆ. ತುದಿ ಹಳೆಯದೇ. ಅವಳ ಕೈ ತಾಗಿದ್ದು ಆ ತುದಿ. ಅಳತೆ ಪಟ್ಟಿ ಹಿಡಿದು ಲೆಕ್ಕ ಹಾಕಿಯೂ ನೋಡಿದ್ದ: ಕೊನೆಯ ಒಂದು ಇಂಚು ಅವಳದು, ಉಳಿದದ್ದೆಲ್ಲ ಆಮೇಲಿನದು.

ಅದನ್ನು ಅವನು ಯಾರಿಗೂ ಹೇಳಿರಲಿಲ್ಲ. ಐವತ್ತೆಂಟು ದಾಟಿದ ಗಂಡಸು, ಕೂದಲ ತುದಿ ಕಾಯುತ್ತಾ ಕೂತಿದ್ದೇನೆ ಎಂದು ಯಾರ ಹತ್ತಿರ ಬಾಯಿ ಬಿಡುವುದು?

ಅಂಟು ಕೂತಿದ್ದು ಸರಿಯಾಗಿ ಆ ಒಂದು ಇಂಚಿನ ಮೇಲೆ.

ಮೇಸ್ತ್ರಿ ಮೊದಲು ಎಳೆದು ನೋಡಿದ. ಕಣ್ಣಲ್ಲಿ ನೀರು ಬಂತೇ ಹೊರತು ಹಲಗೆ ಬರಲಿಲ್ಲ. ಉಳಿಯ ಮೊನೆಯಿಂದ ಎಬ್ಬಿಸಲು ಹೊರಟು, ಕೂದಲೇ ತುಂಡಾದೀತೆಂದು ಉಳಿ ಕೆಳಗಿಟ್ಟ. ಆಗ ಎದುರುಮನೆಯ ಟೈಲರಮ್ಮ ಒಳಗೆ ಬಂದಳು. ಕತ್ತರಿಯನ್ನು ದಾರಕ್ಕೆ ಕಟ್ಟಿ ಕೊರಳಿಗೆ ಹಾಕಿಕೊಂಡೇ ಓಡಾಡುವವಳು, ಊರಿನ ಎಲ್ಲರ ಅಳತೆಯೂ ಅವಳ ಬಾಯಲ್ಲಿರುತ್ತಿತ್ತು.

"ಅಯ್ಯೋ ದೇವರೇ! ಮೇಸ್ತ್ರಿ, ಏನಿದು ತಲೆಗೆ ಬಾಗಿಲು ಹಾಕಿಸ್ಕೊಂಡಿದೀರಿ?"

"ಬಾಗಿಲಲ್ಲ, ಡ್ರಾಯರು," ಎಂದ ಮೇಸ್ತ್ರಿ. ಕೆಲಸದ ವಿಷಯದಲ್ಲಿ ಅವನು ಯಾವಾಗಲೂ ಖಚಿತ.

"ಸುಮ್ನೆ ಕೂತ್ಕೊಳ್ಳಿ. ಒಂದೇ ನಿಮಿಷ." ಅವಳ ಕೈ ಆಗಲೇ ಕೊರಳ ಕತ್ತರಿಗೆ ಹೋಗಿತ್ತು.

"ಬೇಡ!" ಮೇಸ್ತ್ರಿ ಗಾಬರಿಯಿಂದ ತಿರುಗಿದ. ಅವನ ಜೊತೆ ಹಲಗೆಯೂ ತಿರುಗಿ, ಮೇಜಿನ ಮೇಲಿನ ಮೊಳೆಯ ಡಬ್ಬವನ್ನು ಗುಡಿಸಿ ನೆಲಕ್ಕೆ ಚೆಲ್ಲಿತು.

"ಯಾಕೆ ಬೇಡ? ಬುಡಕ್ಕೇನೂ ಆಗಿಲ್ವಲ್ಲ. ಬರೀ ತುದಿ ತಾನೇ, ಕತ್ತರಿಸಿ ಬಿಸಾಕಿದ್ರೆ ಆಯ್ತು."

"ತುದಿ ಮುಟ್ಬೇಡಿ ನೀವು."

"ಇನ್ನೇನು ಬುಡ ಕತ್ತರಿಸ್ಬೇಕಾ? ಏನ್ ಮೇಸ್ತ್ರಿ, ನಿಮಗೂ ಶೋಕಿ ಹಿಡೀತಾ? ಬೀದೀಲೆಲ್ಲ ಏನಂತಾರೆ ಗೊತ್ತಾ? ಮೇಸ್ತ್ರಿಗೆ ಹೆಣ್ಣು ನೋಡ್ತಿದ್ದಾರೆ, ಅದಕ್ಕೇ ಕೂದಲು ಬಿಟ್ಟಿದ್ದಾರೆ ಅಂತ. ನಾನೇ ಎಷ್ಟು ಜನರ ಬಾಯಿ ಮುಚ್ಚಿಸಿದೀನಿ!"

ಆ ಸುದ್ದಿ ಹುಟ್ಟಿದ್ದೇ ಅವಳ ಹೊಲಿಗೆ ಮಿಷನ್ನಿನ ಹಿಂದೆ ಎಂದು ಮೇಸ್ತ್ರಿಗೆ ಗೊತ್ತಿತ್ತು. ಆದರೆ ಕೊರಳಲ್ಲಿ ಕತ್ತರಿ ಇರುವವರ ಜೊತೆ ಜಗಳವಾಡುವ ಸ್ಥಿತಿಯಲ್ಲಿ ಅವನಿರಲಿಲ್ಲ. ಅವಳು ಎಡಕ್ಕೆ ಬಂದರೆ ಇವನು ಬಲಕ್ಕೆ ಸರಿದ, ಅವಳು ಬಲಕ್ಕೆ ಬಂದರೆ ಇವನು ಮೇಜಿನ ಸುತ್ತ ಓಡಿದ. ಸುತ್ತುವಾಗೆಲ್ಲ ಹಲಗೆ ಏನಾದರೊಂದನ್ನು ಕೆಡವುತ್ತಿತ್ತು.

ಈ ಗದ್ದಲ ಕೇಳಿ ಕಾಂಪೌಂಡರು ಬಂದರು. ನಲವತ್ತು ವರ್ಷ ಒಬ್ಬ ಡಾಕ್ಟರ ಕೈಕೆಳಗೆ ಔಷಧಿ ಕಲಸಿ ಕೊಟ್ಟು ನಿವೃತ್ತರಾದವರು. ಡಾಕ್ಟರು ಸತ್ತ ಮೇಲೆ, ಬೀದಿಯಲ್ಲಿ ಯಾರಿಗೆ ಏನಾದರೂ ತಾವೇ ಡಾಕ್ಟರೆಂದು ತಿಳಿದವರು. ಬಾಗಿಲಲ್ಲೇ ನಿಂತು ಕನ್ನಡಕ ಏರಿಸಿ ನೋಡಿದರು.

"ಅದು ನನ್ನ ಹಲಗೆ ಅಲ್ವೇನಯ್ಯಾ?"

"ಹೌದು ಸಾರ್."

"ಸಂಜೆ ಕೊಡ್ತೀನಿ ಅಂದಿದ್ದೆ."

"ಕೊಡ್ತೀನಿ ಸಾರ್. ಬಿಟ್ಟ ತಕ್ಷಣ ಕೊಡ್ತೀನಿ."

"ಕತ್ತರಿಸ್ಕೊಂಡ್ರೆ ಮುಗೀತು ಅಂತ ನಾನು ಬಾಯಿ ಒಣಗಿಸ್ಕೊಂಡೆ, ಕೇಳ್ತಾನೇ ಇಲ್ಲ," ಎಂದು ಟೈಲರಮ್ಮ ದೂರು ಕೊಟ್ಟಳು.

ಕಾಂಪೌಂಡರು ಕೈ ಎತ್ತಿ ಅವಳನ್ನು ಸುಮ್ಮನಾಗಿಸಿದರು. "ಅವಸರ ಬೇಡ. ಹಲಗೆಗೆ ಕೂದಲು ಮೆತ್ತಿಕೊಂಡು ಬಂದ್ರೆ ನಾನು ಏನು ಮಾಡ್ಲಿ? ಇದಕ್ಕೆ ಶೀತೋಪಚಾರ. ಅಂಟು ತಣ್ಣಗಾದ್ರೆ ಪೆಡಸಾಗುತ್ತೆ, ಪೆಡಸಾದ್ರೆ ಪುಡಿಯಾಗುತ್ತೆ. ಐಸ್ ತರಿಸಿ."

ಟೈಲರಮ್ಮ ಮನೆಯಿಂದ ಐಸ್ ತಂದಳು. ಮೇಸ್ತ್ರಿಯನ್ನು ಸ್ಟೂಲಿನ ಮೇಲೆ ಕೂರಿಸಿ, ಹಲಗೆಯನ್ನು ಮೇಜಿಗೆ ಆನಿಸಿ, ಐಸಿನ ಗಂಟನ್ನು ಕೂದಲಿಗೆ ಒತ್ತಿ ಹಿಡಿದರು. ಕಾಲು ಗಂಟೆಯಾಯಿತು. ನೀರು ಕತ್ತಿನೊಳಗೆ ಇಳಿದು, ಬೆನ್ನಿನಲ್ಲಿ ಹರಿದು, ಚಡ್ಡಿಯವರೆಗೂ ತಲುಪಿತು. ಅರ್ಧ ಗಂಟೆಯಾಯಿತು. ಮೇಸ್ತ್ರಿಯ ಕಿವಿ ಮೊದಲು ಉರಿಯಿತು, ಆಮೇಲೆ ಜೋಮು ಹಿಡಿಯಿತು, ಆಮೇಲೆ ಅದು ಇದೆಯೋ ಇಲ್ಲವೋ ತಿಳಿಯದಾಯಿತು. ಕಾಂಪೌಂಡರು ಒಂದು ಎಳೆಯನ್ನು ಉಗುರಿನಿಂದ ಕೆರೆದು ನೋಡಿದರು. ಅಂಚಿನಲ್ಲಿ ಒಂದೆರಡು ಕಣ ಉದುರಿದವು. ಉಳಿದ ಅಂಟು ಮಾತ್ರ ಮೇಸ್ತ್ರಿಯ ಕೆಲಸಕ್ಕೆ ತಕ್ಕ ಹೆಸರು ಉಳಿಸಿಕೊಂಡು ಗಟ್ಟಿಯಾಗಿ ನಿಂತಿತ್ತು. ಮೇಸ್ತ್ರಿಗೆ ಒಂದರ ಮೇಲೊಂದು ಏಳು ಸೀನು ಬಂದವು. ಪ್ರತಿ ಸೀನಿಗೂ ಹಲಗೆ ಮೇಲೆದ್ದು ಬಡಿಯಿತು. ಏಳನೆಯದಕ್ಕೆ ಕಾಂಪೌಂಡರ ಕನ್ನಡಕ ಹಾರಿತು.

ಕನ್ನಡಕ ಹುಡುಕಿ ಹಾಕಿಕೊಂಡವರೇ ಕಾಂಪೌಂಡರು ಕಪಾಟಿನ ಕಡೆ ನೋಡಿದರು. "ಅದೇನು, ಥಿನ್ನರ್ ಅಲ್ವಾ? ಇಷ್ಟು ಹೊತ್ತು ಹೇಳ್ಬಾರ್ದಾ! ಒಂದು ಬಟ್ಟಲು ಸುರಿದ್ರೆ ಎಲ್ಲ ಕರಗಿ ಹೋಗುತ್ತೆ."

ಮೇಸ್ತ್ರಿಗೆ ಥಿನ್ನರ್ ಗೊತ್ತು. ಇಪ್ಪತ್ತು ವರ್ಷ ಹಳೆಯ ಪಾಲಿಶ್ಶನ್ನು ಒಮ್ಮೆ ಒರೆಸಿದರೇ ಕಿತ್ತು ತರುವ ದ್ರವ ಅದು. ಮೇಜು ಕುರ್ಚಿಗಳ ಮೇಲೆ ಯಾರ್ಯಾರೋ ಕೈಯಿಟ್ಟು ಸವೆಸಿದ ಹೊಳಪು ಬಟ್ಟೆಯ ತುಂಡಿಗೆ ಬಂದು, ಕೆಳಗೆ ಹಸಿ ಮರ ಮಾತ್ರ ಉಳಿಯುವುದನ್ನು ಅವನು ಸಾವಿರ ಸಲ ನೋಡಿದ್ದ. ಅದೇ ದ್ರವ ಅವಳು ಮುಟ್ಟಿದ ತುದಿಯ ಮೇಲೆ ಹರಿಯುವುದನ್ನು ನೆನೆಸಿಕೊಂಡು ಕೂದಲನ್ನು ಅಂಗೈಯಿಂದ ಮುಚ್ಚಿಕೊಂಡ.

"ಬೇಡ ಸಾರ್. ಕೈ ಮುಗೀತೀನಿ."

"ಕತ್ತರೀನೂ ಬೇಡ, ಥಿನ್ನರೂ ಬೇಡ. ಹಾಗಾದ್ರೆ ನನ್ನ ಡ್ರಾಯರು ಹಾಕ್ಕೊಂಡೇ ಸಾಯೋವರೆಗೂ ಓಡಾಡ್ತೀಯಾ?" ಕಾಂಪೌಂಡರಿಗೆ ಸಿಟ್ಟು ಬಂತು. "ನಡಿ, ಕಟಿಂಗ್ ಅಂಗಡಿಗೆ. ಅವನು ಮಿಷನ್ ಹಾಕಿ ನುಣ್ಣಗೆ ಮಾಡ್ಲಿ."

"ಅದೇ ಸರಿ," ಎಂದಳು ಟೈಲರಮ್ಮ. "ಒಳ್ಳೆಯದಕ್ಕೆ ಹೇಳ್ತೀವಿ ಅಣ್ಣಾ. ಅಕ್ಕ ಇದ್ದಿದ್ರೆ ನಿಮ್ಮನ್ನ ಹೀಗೆ ಬಿಡ್ತಿದ್ರಾ? ಎಷ್ಟು ಚೊಕ್ಕಟವಾಗಿ ಇಟ್ಟಿದ್ರು ನಿಮ್ಮನ್ನ!"

ಅವಳು ಇದ್ದಿದ್ದರೆ ಬ್ರಷ್ಷು ಕಿವಿಗೆ ಹೋಗುತ್ತಲೇ ಇರಲಿಲ್ಲ ಎಂದು ಮೇಸ್ತ್ರಿಗೆ ಹೇಳಬೇಕೆನ್ನಿಸಿತು. ಹೇಳಿದರೆ ಅತ್ತುಬಿಡುತ್ತೇನೆಂದು ಹೆದರಿ ಎದ್ದು ನಿಂತ. ಅವನು ಎದ್ದು ನಿಂತದ್ದನ್ನೇ ಒಪ್ಪಿಗೆಯೆಂದು ತಿಳಿದು ಇಬ್ಬರೂ ಅವನನ್ನು ಹೊರಡಿಸಿದರು.

ಹಲಗೆಯನ್ನು ಹೆಗಲಿಗೆ ಆನಿಸಿ, ಕತ್ತು ಓರೆ ಮಾಡಿ ಮೇಸ್ತ್ರಿ ಬೀದಿಯಲ್ಲಿ ನಡೆದ. ಮರಗೆಲಸದವನು ಹಲಗೆ ಹೊತ್ತು ಹೋಗುವುದನ್ನು ಯಾರು ತಾನೇ ಎರಡನೇ ಸಲ ನೋಡುತ್ತಾರೆ? ಹಾಲಿನ ಡೈರಿಯವನು "ಎಲ್ಲಿಗೆ ಮೇಸ್ತ್ರಿ, ಕೆಲಸಕ್ಕಾ?" ಎಂದ. "ಹೂಂ," ಎಂದು ಮೇಸ್ತ್ರಿ ತಲೆಯಾಡಿಸಲು ಹೋಗಿ ನಿಲ್ಲಿಸಿದ. ಮುಂದೆ ಒಬ್ಬ ಹೆಂಗಸು ನಿಲ್ಲಿಸಿ, ತನ್ನ ಮಂಚದ ಕಾಲು ಅಲುಗಾಡುವ ವಿಷಯವನ್ನು ಐದು ನಿಮಿಷ ವಿವರಿಸಿದಳು. ಮೇಸ್ತ್ರಿ ಓರೆ ಕತ್ತಿನಲ್ಲೇ ಎಲ್ಲವನ್ನೂ ಕೇಳಿಸಿಕೊಂಡು ಬುಧವಾರ ಬರುವುದಾಗಿ ಮಾತು ಕೊಟ್ಟ. ಎಷ್ಟು ಗಮನ ಕೊಟ್ಟು ಕೇಳುತ್ತಾನೆ ಈ ಮನುಷ್ಯ ಎಂದು ಅವಳಿಗೆ ಸಂತೋಷವಾಯಿತು. ಹಿಂದಿನಿಂದ ಟೈಲರಮ್ಮ, ಕಾಂಪೌಂಡರು, ಅವರ ಹಿಂದೆ ಬೇರೆ ಕೆಲಸವಿಲ್ಲದ ಇನ್ನೂ ನಾಲ್ಕು ಜನ ಬರುತ್ತಿದ್ದರು.

ಕಟಿಂಗ್ ಅಂಗಡಿಯೆಂದರೆ ಮೇಸ್ತ್ರಿಗೆ ಮೊದಲಿಂದಲೂ ಇರಿಸುಮುರುಸು. ಕಿವಿಗೆ ಗಾಯ ಮಾಡಿದ ಮುದುಕ ತೀರಿಹೋಗಿ ಈಗ ಅವನ ಮಗ ನಡೆಸುತ್ತಿದ್ದ. ಮೂವತ್ತೊಂದು ವರ್ಷ ಒಂದೇ ಬೀದಿಯಲ್ಲಿದ್ದೂ ತನ್ನ ಅಂಗಡಿ ಮೆಟ್ಟಿಲು ಹತ್ತದ ಮೇಸ್ತ್ರಿಯ ಮೇಲೆ ಅವನಿಗೆ ಅಸಮಾಧಾನ ಇರಲೇಬೇಕು. ಅದರಲ್ಲೂ ಈ ಹನ್ನೊಂದು ತಿಂಗಳಿಂದ ಮೇಸ್ತ್ರಿಯನ್ನು ಕಂಡರೆ ಅವನು ಮುಖ ತಿರುಗಿಸುತ್ತಿದ್ದ. ಕೂದಲು ಬಿಟ್ಟರೂ ಬಿಟ್ಟಾನು, ನನ್ನ ಹತ್ತಿರ ಬರಲಾರ ಎಂಬ ಸಿಟ್ಟು ಎಂದು ಮೇಸ್ತ್ರಿ ಊಹಿಸಿದ್ದ. ಈಗ ಹಲಗೆ ಸಮೇತ ಬಾಗಿಲಲ್ಲಿ ನಿಂತ ತನ್ನನ್ನು ನೋಡಿ ಅವನು ಎಷ್ಟು ಹಿಗ್ಗುತ್ತಾನೋ ಎಂದು ನಾಚಿಕೆಯಾಯಿತು.

ಅವನು ಹಿಗ್ಗಲಿಲ್ಲ. ಕೈಯಲ್ಲಿದ್ದ ಪೇಪರು ಕೆಳಗಿಟ್ಟು, ಮೇಸ್ತ್ರಿಯ ಮುಖ ನೋಡಿದ, ಹಲಗೆ ನೋಡಿದ, ಅಂಟು ಕೂತ ತುದಿ ನೋಡಿದ.

"ಹೊಡಿ, ನುಣ್ಣಗೆ ಹೊಡಿ!" ಎಂದರು ಕಾಂಪೌಂಡರು.

"ಬರೀ ತುದಿ ಕಣಪ್ಪಾ, ಅಷ್ಟಕ್ಕೆ ಇಷ್ಟು ರಂಪ," ಎಂದಳು ಟೈಲರಮ್ಮ.

ಮೇಸ್ತ್ರಿ ಕುರ್ಚಿಯ ಹಿಡಿ ಹಿಡಿದುಕೊಂಡು, "ಕತ್ತರಿ ಹಾಕೋದಾದ್ರೆ ನಾನು ಕೂರೋದಿಲ್ಲ," ಎಂದ. "ಒಂದು ಕೂದಲೂ ಹೋಗಬಾರ್ದು. ಆಗುತ್ತೋ ಇಲ್ವೋ ಹೇಳು."

ಕಟಿಂಗ್ ಅಂಗಡಿಯವನು ಅಂಟು ಕೂತ ಜಾಗವನ್ನು ಬೆರಳಿನಿಂದ ಒತ್ತಿ ನೋಡಿದ. ಆಮೇಲೆ ಮೆಲ್ಲಗೆ, "ಆಗುತ್ತೆ ಅಣ್ಣಾ. ಹೊತ್ತು ಹಿಡಿಯುತ್ತೆ, ಅಷ್ಟೇ," ಎಂದ. ಜನರ ಕಡೆ ತಿರುಗಿ ದನಿ ಏರಿಸಿದ. "ನೀವೆಲ್ಲ ನಿಮ್ಮ ನಿಮ್ಮ ಕೆಲಸ ನೋಡಿ. ಇಲ್ಲಿ ಉಸಿರಾಡೋಕೆ ಗಾಳಿ ಇಲ್ಲ."

"ಥಿನ್ನರ್ ಹಾಕಿದ್ರೆ ಐದು ನಿಮಿಷ," ಎಂದು ಕಾಂಪೌಂಡರು ಕೊನೆಯ ಪ್ರಯತ್ನ ಮಾಡಿದರು.

"ತಲೆಗೆ ಥಿನ್ನರಾ? ಚರ್ಮ ಸುಟ್ಟು ಬೊಬ್ಬೆ ಬರುತ್ತೆ. ಪಕ್ಕದಲ್ಲಿ ಯಾರಾದ್ರೂ ಕಡ್ಡಿ ಗೀರಿದ್ರೆ ತಲೇನೇ ದೀಪ ಆಗುತ್ತೆ. ಸಾರ್, ನೀವು ದಯವಿಟ್ಟು ಹೊರಗೆ ನಡೀರಿ."

ಪರದೆ ಎಳೆದು, ಅವನು ಒಂದು ಬಟ್ಟಲು ಎಣ್ಣೆಯನ್ನು ಬಿಸಿನೀರಿನಲ್ಲಿಟ್ಟು ಬೆಚ್ಚಗೆ ಮಾಡಿದ. ಕೈಹಿಂಬದಿಗೆ ಒಂದು ಹನಿ ಹಾಕಿ ಬಿಸಿ ಹೆಚ್ಚಿಲ್ಲವೆಂದು ನೋಡಿಕೊಂಡ. ಅಂಟಿನ ಮೇಲೆ ಹನಿಹನಿಯಾಗಿ ಬಿಟ್ಟು, ಮೇಲೆ ಬಿಸಿ ಟವೆಲ್ ಸುತ್ತಿ, ಮೇಸ್ತ್ರಿಯ ಹೆಗಲ ಪಕ್ಕ ಹಲಗೆಗೆ ಒಂದು ಸ್ಟೂಲು ಇಟ್ಟು ಭಾರ ಇಳಿಸಿದ. ಅರ್ಧ ಗಂಟೆ ಏನೂ ಮಾಡದೆ ಕಾದ. ಆಮೇಲೆ ಬೆರಳಿನಿಂದ ಮೆತ್ತಗೆ ಉಜ್ಜಿದ. ಅಂಟು ಒಂದು ಮೂಲೆಯಲ್ಲಿ ಮೆದುವಾಗಿ, ಮಣ್ಣಿನ ಹಾಗೆ ಉರುಳಿ ಬಂತು. ಮತ್ತೆ ಎಣ್ಣೆ, ಮತ್ತೆ ಟವೆಲ್, ಮತ್ತೆ ಬೆರಳು. ಬಾಚಣಿಗೆ ಹಾಕುವಾಗ ಎಡಗೈಯಲ್ಲಿ ಕೂದಲಿನ ನಡುಭಾಗವನ್ನು ಬಿಗಿಯಾಗಿ ಹಿಡಿದು, ಮೊದಲು ಕಟ್ಟಕಡೆಯ ತುದಿ ಬಿಡಿಸಿ, ಆಮೇಲೆ ಒಂದೊಂದೇ ಬೆರಳಗಲ ಮೇಲಕ್ಕೆ ಬಂದ. ಬುಡಕ್ಕೆ ಎಳೆತವೇ ತಿಳಿಯಲಿಲ್ಲ. ಎಷ್ಟೋ ತಿಂಗಳಿಂದ ಯಾರೂ ತಲೆ ಮುಟ್ಟಿರಲಿಲ್ಲವಾದ್ದರಿಂದ ಮೇಸ್ತ್ರಿಗೆ ಕಣ್ಣು ತುಂಬಿ ಬಂತು. ಎಣ್ಣೆ ಕಣ್ಣಿಗೆ ಹೋಯಿತೆಂದು ಹೇಳಿ ಒರೆಸಿಕೊಂಡ.

ಮೂರು ಗಂಟೆಗೆ ಹಲಗೆ ಕಳಚಿಕೊಂಡಿತು. ನಾಲ್ಕೂವರೆಗೆ ದೊಡ್ಡ ಗಂಟುಗಳು ಹೋದವು. ಸಾಬೂನು ಹಾಕಿ ತೊಳೆದು, ಉಳಿದ ಕಣಗಳಿಗೆ ಮತ್ತೆ ಎಣ್ಣೆ ಹಚ್ಚಿ, ಮತ್ತೆ ತೊಳೆದು, ಐದೂವರೆಗೆ ಕಟಿಂಗ್ ಅಂಗಡಿಯವನು ಸಣ್ಣ ಬಾಚಣಿಗೆಯನ್ನು ತಲೆಯಿಂದ ತುದಿಯವರೆಗೆ ಒಂದೇ ಸಮನೆ ಎಳೆದ. ಎಲ್ಲಿಯೂ ತಡೆಯಲಿಲ್ಲ.

"ನೋಡಿ ಅಣ್ಣಾ. ಒಂದೂ ಹೋಗಿಲ್ಲ."

ಮೇಸ್ತ್ರಿ ಕನ್ನಡಿಯಲ್ಲಿ ನೋಡಿದ. ತುದಿಯನ್ನು ಬೆರಳಿನ ನಡುವೆ ಹಿಡಿದು ನೋಡಿದ. ಬೆಳಗಿನಿಂದ ಹಿಡಿದಿಟ್ಟ ಉಸಿರು ಒಟ್ಟಿಗೇ ಹೊರಬಂತು. ಇಂಥ ಉಪಕಾರ ಮಾಡಿದವನ ಹತ್ತಿರ ಮುಚ್ಚಿಡುವುದು ತಪ್ಪೆನ್ನಿಸಿತು. ಹನ್ನೊಂದು ತಿಂಗಳಲ್ಲಿ ಮೊದಲ ಸಲ ಬಾಯಿ ಬಿಟ್ಟ.

"ನಗಬೇಡ. ಇದು ಅವಳು ಕೊನೇ ಸಲ ಕತ್ತರಿಸಿದ ತುದಿ. ಹೋಗೋಕೆ ಹದಿನೈದು ದಿನ ಮುಂಚೆ. ಅವಳದ್ದು ಅಂತ ನನ್ನ ಮೈಮೇಲೆ ಉಳಿದಿರೋದು ಇದಿಷ್ಟೇ. ಅದಕ್ಕೇ ಇಷ್ಟು ಒದ್ದಾಡ್ದೆ."

ಕಟಿಂಗ್ ಅಂಗಡಿಯವನು ನಗಲಿಲ್ಲ. ಮಡಿಸಿದ ಟವೆಲನ್ನು ಬಿಚ್ಚಿ ಮತ್ತೆ ಮಡಿಸಿದ.

ಮೇಸ್ತ್ರಿಗೆ ಹೇಳಿದಷ್ಟೂ ಹಗುರವಾಗುತ್ತಿತ್ತು. "ನಿಜ ಹೇಳ್ಬೇಕಂದ್ರೆ ಅವಳ ಕೈ ಅಷ್ಟಕ್ಕಷ್ಟೇ. ಮೂವತ್ತು ವರ್ಷ ನನ್ನ ತಲೆ ಮೇಲೆ ಮೆಟ್ಟಿಲು ಕಟ್ಟಿದ್ಲು. ನಾನು ಒಂದು ದಿನಾನೂ ಏನೂ ಅನ್ಲಿಲ್ಲ. ಆದ್ರೆ ಆ ಕೊನೇ ಸಲ, ಏನು ಕುದುರಿತ್ತೋ ಕೈ! ಹಿಂದುಗಡೆ ಗೆರೆ ಎಳೆದ ಹಾಗೆ. ನಾನೇ ಪಟ್ಟಿ ಇಟ್ಟು ನೋಡಿದೀನಿ. ಬೇಜಾರು ಮಾಡ್ಕೋಬೇಡ, ನೀನು ಇಷ್ಟೊಂದು ಮಿಷನ್ ಇಟ್ಕೊಂಡಿದೀಯಲ್ಲ, ಅಂಥ ಗೆರೆ ನಿನ್ನ ಕೈಲೂ ಆಗೋದಿಲ್ಲ."

"ಯಾಕಾಗಲ್ಲ? ನಾನೇ ಅಲ್ವಾ ಎಳೆದಿ..."

ಮಾತು ಅಲ್ಲಿಗೇ ನಿಂತಿತು. ಕಸುಬಿನವನ ನಾಲಿಗೆ, ಕಸುಬನ್ನು ಕೆಣಕಿದರೆ ತಡೆಯುವುದಿಲ್ಲ. ಕಟಿಂಗ್ ಅಂಗಡಿಯವನು ಟವೆಲನ್ನು ಬಾಯಿಗೆ ಒತ್ತಿಕೊಂಡ. ಹೊರಗೆ ಯಾರದೋ ಸೈಕಲ್ ಬೆಲ್ಲು ಕೇಳಿಸಿತು.

"ಏನಂದೆ?"

"ಏನಿಲ್ಲ ಅಣ್ಣಾ."

"ಏನೋ ಅಂದೆ ನೀನು."

ಅವನು ಪಕ್ಕದ ಖಾಲಿ ಕುರ್ಚಿಯಲ್ಲಿ ಕೂತ. ಇಷ್ಟು ತಿಂಗಳೂ ಮುಖ ತಿರುಗಿಸಿದ್ದವನು ಈಗ ಕನ್ನಡಿಯಲ್ಲೇ ಮೇಸ್ತ್ರಿಯ ಕಣ್ಣು ನೋಡಿ ಹೇಳಿದ.

"ಅಕ್ಕ ಆಣೆ ಮಾಡಿಸ್ಕೊಂಡಿದ್ರು. ಇವತ್ತು ಬಾಯಿ ತಪ್ಪಿತು, ನನ್ನ ಹಣೆಬರಹ. ಅವತ್ತು ಬೆಳಿಗ್ಗೆ ಬಂದು ಕರೆದ್ರು. ಕೈ ನಡುಗ್ತಿತ್ತು ಅಣ್ಣಾ ಅವರದ್ದು, ಲೋಟ ಹಿಡಿಯೋಕೂ ಆಗ್ತಿರ್ಲಿಲ್ಲ. ಕತ್ತರಿ ಸದ್ದು ಕೇಳಿದ ಕೂಡ್ಲೇ ನಮ್ಮನೆಯವರು ಕೂತಲ್ಲೇ ನಿದ್ದೆ ಹೋಗ್ತಾರೆ, ನೀನು ಹಿತ್ತಿಲ ಬಾಗಿಲಲ್ಲಿ ನಿಂತಿರು, ಸನ್ನೆ ಮಾಡ್ತೀನಿ ಅಂದ್ರು."

ಅದು ನಿಜ. ಕತ್ತರಿಯ ಸದ್ದು ಕಿವಿಯ ಹತ್ತಿರ ಬಂದರೆ ಮೇಸ್ತ್ರಿಗೆ ಮೂವತ್ತೊಂದು ವರ್ಷವೂ ನಿದ್ದೆ ಬಂದಿತ್ತು. ಅದು ಗಂಡ ಹೆಂಡತಿ ಇಬ್ಬರನ್ನು ಬಿಟ್ಟು ಲೋಕದಲ್ಲಿ ಯಾರಿಗೂ ತಿಳಿಯದ ಸಂಗತಿ.

"ನಿಮ್ಮ ಕಿವಿ ಹತ್ರ ಗಾಳೀಲೇ ಕತ್ತರಿ ಆಡಿಸ್ತಾ ನಿಂತ್ರು. ನೀವು ಗೊರಕೆ ಹೊಡೆದ ಮೇಲೆ ನನ್ನನ್ನ ಕರೆದ್ರು. ನಾನು ಕತ್ತರಿಸೋವಷ್ಟು ಹೊತ್ತೂ ನಿಮ್ಮ ತಲೆ ಜೋಲದ ಹಾಗೆ ಎರಡೂ ಕೈಯಲ್ಲಿ ಹಿಡ್ಕೊಂಡು ನಿಂತಿದ್ರು. ಕೂತ್ಕೊಳ್ಳಿ ಅಕ್ಕ ಅಂದೆ, ಕೇಳ್ಲಿಲ್ಲ. ಮುಗಿದ ಮೇಲೆ ಕತ್ತರಿ ಇಸ್ಕೊಂಡು ನನ್ನನ್ನ ಅಡುಗೆಮನೆಗೆ ತಳ್ಳಿದ್ರು. ನೀವು ಕಣ್ಣು ಬಿಟ್ಟಾಗ ನಾನು ಒಲೆ ಪಕ್ಕ ಉಸಿರು ಬಿಗಿ ಹಿಡಿದು ಕೂತಿದ್ದೆ."

ಮೇಸ್ತ್ರಿಗೆ ಆ ಬೆಳಿಗ್ಗೆ ಚೆನ್ನಾಗಿ ನೆನಪಿತ್ತು. ಕಣ್ಣು ಬಿಟ್ಟು ಕನ್ನಡಿ ನೋಡಿ, "ಅಂತೂ ಮೂವತ್ತೊಂದು ವರ್ಷಕ್ಕೆ ಕಲಿತೆ ನೋಡು!" ಎಂದಿದ್ದ. ಅವಳು ನಕ್ಕಿದ್ದಳು. ನಕ್ಕು ನಕ್ಕು ಕೆಮ್ಮು ಬಂದು, ಗೋಡೆ ಹಿಡಿದುಕೊಂಡು ನೆಲದ ಮೇಲೆ ಕೂತಿದ್ದಳು. ತನ್ನ ಹೊಗಳಿಕೆಗೆ ಅಷ್ಟು ಸಂತೋಷಪಟ್ಟಳಲ್ಲ, ಮೊದಲಿಂದಲೇ ಹೊಗಳಬೇಕಿತ್ತು ಎಂದು ಅವನು ಈ ಹನ್ನೊಂದು ತಿಂಗಳೂ ಕೊರಗಿದ್ದ.

"ಯಾಕೆ ಮಾಡಿದ್ಲು ಹಾಗೆ? ಒಂದು ತಿಂಗಳು ಕತ್ತರಿಸದೇ ಇದ್ದಿದ್ರೆ ನಾನು ಕೇಳ್ತಿದ್ನಾ?"

"ಅದನ್ನೇ ನಾನೂ ಕೇಳ್ದೆ. ಕತ್ತರಿಸ್ಲಿಲ್ಲ ಅಂದ್ರೂ ಗೊತ್ತಾಗುತ್ತೆ, ನಡುಗೋ ಕೈಲಿ ಕತ್ತರಿಸಿದ್ರೂ ಗೊತ್ತಾಗುತ್ತೆ, ನಾನು ಎಷ್ಟು ಸೋತಿದೀನಿ ಅಂತ ಅವರಿಗೆ ಈಗ್ಲೇ ಗೊತ್ತಾಗೋದು ಬೇಡ ಅಂದ್ರು."

ಮೇಸ್ತ್ರಿ ಕೂದಲ ತುದಿಯನ್ನು ಬೆರಳಿಗೆ ಸುತ್ತಿ ಬಿಚ್ಚಿದ. ಆಮೇಲೆ ಮಗುವಿನ ಹಾಗೆ ಕೇಳಿದ: "ಒಂದಾದ್ರೂ? ಒಂದು ಎಳೆಯಾದ್ರೂ ಅವಳು ಕತ್ತರಿಸಿದ್ದು ಇರ್ಲಿಲ್ವಾ?"

ಇತ್ತು ಎಂದುಬಿಟ್ಟಿದ್ದರೆ ಕಟಿಂಗ್ ಅಂಗಡಿಯವನಿಗೆ ಏನೂ ನಷ್ಟವಿರಲಿಲ್ಲ. ಆದರೆ ಒಂದು ಸುಳ್ಳನ್ನು ಹನ್ನೊಂದು ತಿಂಗಳು ಹೊತ್ತು ಅವನಿಗೆ ಸಾಕಾಗಿತ್ತು. "ಇಲ್ಲ ಅಣ್ಣಾ," ಎಂದ.

ಆಗ ಪರದೆ ಸರಿಸಿಕೊಂಡು ಟೈಲರಮ್ಮ ತಲೆ ಹಾಕಿದಳು. ಅವಳ ಹಿಂದೆಯೇ ಕಾಂಪೌಂಡರು ಬಂದು, ಮೂಲೆಯಲ್ಲಿದ್ದ ಹಲಗೆಯನ್ನು ಎತ್ತಿಕೊಂಡು, ಎಣ್ಣೆಯಾಗಿದೆ, ಹಾಳೆಯೂ ಅಂಟಿಸಿಲ್ಲ ಎಂದು ಮೂಗು ಮುರಿದು, ಕಂಕುಳಲ್ಲಿಟ್ಟುಕೊಂಡರು.

"ಅಬ್ಬಾ, ಹೋಯ್ತಾ ಅಂಟು! ಒಂದು ಕೂದಲಾದ್ರೂ ಹೋಯ್ತೇನಪ್ಪಾ?" ಎಂದಳು ಟೈಲರಮ್ಮ.

"ಒಂದೂ ಹೋಗಿಲ್ಲ," ಎಂದ ಕಟಿಂಗ್ ಅಂಗಡಿಯವನು.

"ನೋಡಿ ಮತ್ತೆ! ಪುಣ್ಯ ಮಾಡಿದ್ರಿ ಮೇಸ್ತ್ರಿ. ಬೆಳಗಿಂದ ಹಟ ಹಿಡಿದದ್ದಕ್ಕೂ ಸಾರ್ಥಕ ಆಯ್ತು." ಅವಳಿಗೆ ನಿಜವಾಗಿಯೂ ಸಂತೋಷವಾಗಿತ್ತು. ಬೀದಿಗೆಲ್ಲ ಸುದ್ದಿ ಮುಟ್ಟಿಸಲು ಓಡಿದಳು. ಹೊರಗಿನಿಂದ ಯಾರೋ ಚಪ್ಪಾಳೆ ತಟ್ಟಿದ್ದೂ ಕೇಳಿಸಿತು.

ಎಲ್ಲರೂ ಹೋದರು. ಕಟಿಂಗ್ ಅಂಗಡಿಯವನು ದೀಪ ಹಾಕಿ, ಎಣ್ಣೆಯ ಬಟ್ಟಲು ತೊಳೆದಿಟ್ಟು, ಬಾಚಣಿಗೆ ಒರೆಸಿದ. ಮೇಸ್ತ್ರಿ ಎದ್ದಿರಲಿಲ್ಲ. ಕನ್ನಡಿಯಲ್ಲಿ ಹೆಗಲವರೆಗೆ ಇಳಿದ ಕೂದಲು ನುಣ್ಣಗೆ, ಕಪ್ಪು ಬಿಳುಪಾಗಿ ಹೊಳೆಯುತ್ತಿತ್ತು. ಅದು ಯಾರದೋ ತಲೆ ಅನ್ನುವ ಹಾಗೆ ಅವನು ನೋಡುತ್ತಿದ್ದ.

"ಏನು ಮಾಡ್ಲಿ ಅಣ್ಣಾ?" ಎಂದು ಕಟಿಂಗ್ ಅಂಗಡಿಯವನು ಹಿಂದೆ ಬಂದು ನಿಂತು ಕೇಳಿದ. "ಬಿಡ್ಲಾ, ಕತ್ತರಿಸ್ಲಾ?"

ಬೆಳಗಿನಿಂದ ಎಲ್ಲರೂ ಅವನನ್ನು ಕೇಳಿದ್ದು ಅದನ್ನೇ. ಎಲ್ಲರಿಗೂ ಅವನು ಥಟ್ಟನೆ ಉತ್ತರ ಕೊಟ್ಟಿದ್ದ. ಈಗಲೂ ಕೊಡಲೆಂದು ಬಾಯಿ ತೆರೆದ, ಆದರೆ ಏನು ಹೇಳಬೇಕೆಂದು ತಿಳಿಯಲಿಲ್ಲ.